ಒಂದೇ ಜಿಲ್ಲೆಯ ರಾಜ್ಯ ಆಳಿದ ಸಿ.ಎಂ. ಪೂಣಚ್ಚನವರು

ಈ ಸಂಚಿಕೆಗೆ ನಿರ್ದೇಶಕರೆಲ್ಲಾ ಒಂದೊಂದು ಲೇಖನ ಬರೆದು ಕೊಡಬೇಕು ಅಂತ ಆಡಳಿತ ಮಂಡಳಿ ಸಭೆಯಲ್ಲಿ ತೀರ್ಮಾನವಾಯಿತು. ಹೈನುಗಾರಿಕೆ, ಸಾಲ ವಸೂಲಿ, ಗೊಬ್ಬರದ ವಿಷಯಗಳನ್ನು ಬೇರೆಯವರು ಮೊದಲೇ ಹಿಡಿದುಕೊಂಡರು. ನನ್ನ ಪಾಲಿಗೆ ಉಳಿದದ್ದು ಮಹನೀಯರ ಜೀವನ ಚರಿತ್ರೆ. ಗಾಂಧೀಜಿ, ವಿಶ್ವೇಶ್ವರಯ್ಯ, ನಾಲ್ವಡಿಯವರ ಬಗ್ಗೆ ನಮ್ಮ ಮಕ್ಕಳೇ ಶಾಲೆಯಲ್ಲಿ ಭಾಷಣ ಮಾಡುತ್ತಾರೆ, ಅದನ್ನೇ ನಾನು ಮತ್ತೆ ಬರೆದು ಏನು ಪ್ರಯೋಜನ? ಆದ್ದರಿಂದ ನಮಗೆ ಹತ್ತಿರದವರೇ ಆಗಿದ್ದು, ನಮ್ಮ ಕಡೆಯವರು ಹೆಚ್ಚಾಗಿ ಮರೆತಿರುವ ಒಬ್ಬರನ್ನು ಆರಿಸಿಕೊಂಡಿದ್ದೇನೆ. ಅವರೇ ಕೊಡಗು ರಾಜ್ಯದ ಮುಖ್ಯಮಂತ್ರಿಯಾಗಿದ್ದ ಚೆಪ್ಪುಡೀರ ಮುತ್ತಣ್ಣ ಪೂಣಚ್ಚನವರು.

ಕೊಡಗು ರಾಜ್ಯವೇ? ಅದು ಜಿಲ್ಲೆ ಅಲ್ಲವೇ? ಅಂತ ಹುಡುಗರು ಕೇಳಬಹುದು. ಹುಣಸೂರು, ಪಿರಿಯಾಪಟ್ಟಣ, ಬೈಲಕುಪ್ಪೆ ದಾಟಿ ಕಾವೇರಿ ಸೇತುವೆ ಮೇಲೆ ಬಸ್ಸು ಹೋದರೆ ಕುಶಾಲನಗರ. ನಮ್ಮ ಕಡೆಯಿಂದ ಕಾಫಿ ಕೊಯ್ಲಿಗೆ ಹೋಗುವವರು, ಅಲ್ಲಿ ಗದ್ದೆ ಗುತ್ತಿಗೆ ಹಿಡಿದು ಶುಂಠಿ ಹಾಕುವವರು ಆ ಸೇತುವೆಯನ್ನು ಎಷ್ಟೋ ಸಲ ದಾಟಿದ್ದಾರೆ. 1956ರ ಅಕ್ಟೋಬರ್ ಕೊನೆಯವರೆಗೆ ಅದು ಎರಡು ರಾಜ್ಯಗಳ ಗಡಿ. ಈ ಕಡೆ ಮೈಸೂರು ರಾಜ್ಯ, ಆ ಕಡೆ ಕೊಡಗು ರಾಜ್ಯ. ಅದಕ್ಕೆ ಅದರದ್ದೇ ವಿಧಾನಸಭೆ, ಅದರದ್ದೇ ಮಂತ್ರಿಮಂಡಲ. ಇಡೀ ರಾಜ್ಯಕ್ಕೆ ಇದ್ದದ್ದು ಒಂದೇ ಜಿಲ್ಲೆ. ರಾಜ್ಯವೂ ಅದೇ, ಜಿಲ್ಲೆಯೂ ಅದೇ.

ಇದು ಹೇಗಾಯಿತು ಅನ್ನೋದಕ್ಕೆ ಸ್ವಲ್ಪ ಹಿಂದಕ್ಕೆ ಹೋಗಬೇಕು. 1834ರಲ್ಲಿ ಬ್ರಿಟಿಷರು ಚಿಕ್ಕವೀರರಾಜೇಂದ್ರನನ್ನು ಇಳಿಸಿ ಕೊಡಗನ್ನು ತಮ್ಮ ಕೈಗೆ ತೆಗೆದುಕೊಂಡರು. ಮೈಸೂರಿನಲ್ಲಿ 1881ರಿಂದ ಮತ್ತೆ ಒಡೆಯರ ಆಳ್ವಿಕೆ ಬಂತು, ಕೊಡಗಿಗೆ ಆ ಭಾಗ್ಯ ಬರಲಿಲ್ಲ. ಅಲ್ಲಿ ಚೀಫ್ ಕಮಿಷನರ್ ಆಡಳಿತ. 1924ರಲ್ಲಿ 20 ಜನರ ಒಂದು ಶಾಸನ ಪರಿಷತ್ತು ಮಾಡಿದರು, 15 ಜನ ಚುನಾಯಿತರು, 5 ಜನ ನಾಮಕರಣದವರು. ಓಟು ಇದ್ದದ್ದು ಎಲ್ಲರಿಗಲ್ಲ, ಆಸ್ತಿಪಾಸ್ತಿ ಇದ್ದವರಿಗೆ. ಕೂಲಿ ಮಾಡುವವನಿಗೆ, ತೋಟದ ಲೈನ್ ಮನೆಯಲ್ಲಿ ಇರುವವನಿಗೆ ಅದು ಸಂಬಂಧಪಟ್ಟ ವಿಷಯವೇ ಆಗಿರಲಿಲ್ಲ.

ಪೂಣಚ್ಚನವರು ಹುಟ್ಟಿದ್ದು 1910ರಲ್ಲಿ. ಕೊಡವರಲ್ಲಿ ಮನೆತನದ ಹೆಸರು ಮೊದಲು ಬರುತ್ತದೆ, ಚೆಪ್ಪುಡೀರ ಅನ್ನೋದು ಅವರ ಮನೆತನ. ಹರೆಯಕ್ಕೆ ಬರುವ ಹೊತ್ತಿಗೆ ದೇಶದಲ್ಲಿ ಉಪ್ಪಿನ ಸತ್ಯಾಗ್ರಹದ ಗಾಳಿ ಎದ್ದಿತ್ತು. ಕೊಡಗು ಅಂದರೆ ಸೈನ್ಯಕ್ಕೆ ಸೇರುವವರ ನಾಡು, ಸರ್ಕಾರದ ಕಡೆ ನಂಬಿಕಸ್ಥರು ಅಂತ ಬ್ರಿಟಿಷರು ಲೆಕ್ಕ ಹಾಕಿದ್ದರು. ಅಂಥ ನಾಡಿನಲ್ಲಿ ಖಾದಿ ಹಾಕಿಕೊಂಡು ಬೀದಿಗೆ ಇಳಿಯುವುದು ಸುಲಭ ಇರಲಿಲ್ಲ. ಮನೆಯಲ್ಲಿ ಒಬ್ಬರು ಪಲ್ಟನ್ನಿನಲ್ಲಿ, ಇನ್ನೊಬ್ಬರು ಜೈಲಿನಲ್ಲಿ ಅನ್ನೋ ಪರಿಸ್ಥಿತಿ. ಪೂಣಚ್ಚನವರು 1930ರ ದಶಕದ ಮೊದಲಲ್ಲೇ ಜೈಲು ಕಂಡರು. 1934ರಲ್ಲಿ ಗಾಂಧೀಜಿ ಕೊಡಗಿಗೆ ಬಂದು ಹೋದರು, ಚಳವಳಿಗೆ ಇನ್ನೂ ಬಲ ಬಂತು. ವೈಯಕ್ತಿಕ ಸತ್ಯಾಗ್ರಹದಲ್ಲಿ, ಆಮೇಲೆ 1942ರ ಕ್ವಿಟ್ ಇಂಡಿಯಾ ಚಳವಳಿಯಲ್ಲಿ ಪೂಣಚ್ಚನವರು ಮತ್ತೆ ಸೆರೆಮನೆ ಸೇರಿದರು. ಹೊರಗೆ ಬಂದ ಮೇಲೆ 1945ರಿಂದ ಕೊಡಗಿನ ಶಾಸನ ಪರಿಷತ್ತಿನಲ್ಲಿ ಕಾಂಗ್ರೆಸ್ಸಿನ ಮುಂದಾಳು.

ದೆಹಲಿಯಲ್ಲಿ ಸಂವಿಧಾನ ಬರೆಯುವ ಸಭೆ ಕೂತಾಗ ಕೊಡಗಿಗೆ ಸಿಕ್ಕಿದ್ದು ಒಂದೇ ಒಂದು ಸ್ಥಾನ. ಆ ಸ್ಥಾನಕ್ಕೆ ಹೋದವರು ಪೂಣಚ್ಚನವರು. ನಮ್ಮ ದೇಶದ ಸಂವಿಧಾನದ ಕೆಳಗೆ ರುಜು ಹಾಕಿದವರಲ್ಲಿ ಅವರೂ ಒಬ್ಬರು. ಆಗ ಅವರಿಗೆ ಇನ್ನೂ 40 ತುಂಬಿರಲಿಲ್ಲ.

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ, ಅಂದರೆ 1952ರ ಚುನಾವಣೆ.

ಸಂವಿಧಾನ ಬಂದಾಗ ರಾಜ್ಯಗಳನ್ನು ಎ, ಬಿ, ಸಿ ಅಂತ ದರ್ಜೆ ಮಾಡಿದ್ದರು. ಮದ್ರಾಸು, ಬೊಂಬಾಯಿ ಎ ದರ್ಜೆ. ಮಹಾರಾಜರಿದ್ದ ನಮ್ಮ ಮೈಸೂರು ಬಿ ದರ್ಜೆ. ಕೊಡಗು, ದೆಹಲಿ, ಅಜ್ಮೀರ್, ಭೋಪಾಲ್ ಇಂಥವು ಸಿ ದರ್ಜೆ. 1951ರಲ್ಲಿ ಕಾಯಿದೆ ಮಾಡಿ ಇಂಥ ಕೆಲವು ಸಿ ದರ್ಜೆ ರಾಜ್ಯಗಳಿಗೂ ವಿಧಾನಸಭೆ ಕೊಟ್ಟರು. ದೆಹಲಿಗೆ 48 ಸ್ಥಾನ, ಅಜ್ಮೀರಿಗೆ 30, ಕೊಡಗಿಗೆ 24. ದೇಶದ ವಿಧಾನಸಭೆಗಳಲ್ಲೆಲ್ಲಾ ಚಿಕ್ಕದು ಕೊಡಗಿನದ್ದೇ.

1951ರ ಜನಗಣತಿ ಪ್ರಕಾರ ಕೊಡಗಿನ ಜನಸಂಖ್ಯೆ ಸುಮಾರು 2 ಲಕ್ಷ 29 ಸಾವಿರ. 24ರಿಂದ ಭಾಗಿಸಿ ನೋಡಿ, ಒಬ್ಬ ಎಂ.ಎಲ್.ಎ.ಗೆ ಒಂಬತ್ತೂವರೆ ಸಾವಿರ ಜನ, ಮಕ್ಕಳು ಮರಿ ಎಲ್ಲಾ ಸೇರಿ. ಇವತ್ತು ನಮ್ಮ ಕರ್ನಾಟಕದಲ್ಲಿ 2011ರ ಗಣತಿಯ ಆರು ಕೋಟಿ ಚಿಲ್ಲರೆ ಜನಕ್ಕೆ 224 ಎಂ.ಎಲ್.ಎ.ಗಳು, ಅಂದರೆ ಒಬ್ಬೊಬ್ಬರಿಗೆ ಎರಡೂಮುಕ್ಕಾಲು ಲಕ್ಷದ ಹತ್ತಿರ. ಆಗಿನ ಇಡೀ ಕೊಡಗು ರಾಜ್ಯ ಈಗಿನ ಒಂದು ಕ್ಷೇತ್ರಕ್ಕೂ ಸಾಲದು! ಎಂ.ಎಲ್.ಎ. ಆದವನು ತನ್ನ ಓಟುದಾರರನ್ನು ಮುಖ ನೋಡಿ ಗುರುತು ಹಿಡಿಯುವಷ್ಟು ಚಿಕ್ಕ ಕ್ಷೇತ್ರ. ನಮ್ಮ ಸಂಘದ ಚುನಾವಣೆ ನೋಡಿದವರಿಗೆ ಇದರ ಸುಖ ಕಷ್ಟ ಎರಡೂ ಗೊತ್ತಿದೆ, ನಾನು ಬಿಡಿಸಿ ಹೇಳಬೇಕಾಗಿಲ್ಲ. ಸೋತವನೂ ಗೆದ್ದವನೂ ಮಾರನೇ ದಿನ ಒಂದೇ ಅಂಗಡಿಗೆ ಟೀ ಕುಡಿಯೋಕೆ ಬರಬೇಕು.

24 ಸ್ಥಾನ ಅಂದರೆ 24 ಕ್ಷೇತ್ರ ಅಲ್ಲ. ಕ್ಷೇತ್ರ 18. ಅದರಲ್ಲಿ 12 ಒಂಟಿ ಸ್ಥಾನದವು, 6 ಜೋಡಿ ಸ್ಥಾನದವು. ಜೋಡಿ ಕ್ಷೇತ್ರದಲ್ಲಿ ಇಬ್ಬರು ಆರಿಸಿ ಬರಬೇಕು, ಒಂದು ಸ್ಥಾನ ಮೀಸಲು. ಮೊದಲೆಲ್ಲಾ ಓಟಿನ ಹತ್ತಿರವೂ ಬರದಿದ್ದ ಹಾಡಿಯವರು, ಕೇರಿಯವರು ಈ ಚುನಾವಣೆಯಲ್ಲಿ ಓಟು ಹಾಕಿದ್ದಷ್ಟೇ ಅಲ್ಲ, ಅವರ ಪೈಕಿಯವರು ವಿಧಾನಸಭೆಯಲ್ಲೂ ಕೂರುವ ಹಾಗಾಯಿತು. ಜೈಲಿಗೆ ಹೋದವರ ಶ್ರಮಕ್ಕೆ ಇದಕ್ಕಿಂತ ದೊಡ್ಡ ಫಲ ಏನಿದೆ ಅಂತ ನನಗನ್ನಿಸುತ್ತದೆ.

ಓಟು ಹಾಕುವ ರೀತಿಯೂ ಈಗಿನ ಹಾಗಿರಲಿಲ್ಲ. ಈಗ ಮಿಷನ್ನಿನ ಗುಂಡಿ ಒತ್ತುತ್ತೇವೆ, ಅದಕ್ಕೆ ಮೊದಲು ಚೀಟಿಗೆ ಮುದ್ರೆ ಒತ್ತುತ್ತಿದ್ದೆವು. ಆಗ ಒಬ್ಬೊಬ್ಬ ಅಭ್ಯರ್ಥಿಗೂ ಒಂದೊಂದು ಪೆಟ್ಟಿಗೆ. ಪೆಟ್ಟಿಗೆ ಮೇಲೆ ಅವನ ಗುರುತಿನ ಚಿತ್ರ ಅಂಟಿಸಿರುತ್ತಿದ್ದರು. ಓದು ಬರಹ ಬಾರದವನು ಚಿತ್ರ ನೋಡಿ, ತನಗೆ ಬೇಕಾದ ಪೆಟ್ಟಿಗೆಯೊಳಗೆ ಚೀಟಿ ಹಾಕಿದರೆ ಮುಗಿಯಿತು.

ಕಾಂಗ್ರೆಸ್ಸಿನ ಗುರುತು ಜೋಡೆತ್ತು. ಎದುರಿಗೆ ನಿಂತದ್ದು ತಕ್ಕಡಿ. ಈ ತಕ್ಕಡಿ ಕಡೆಯವರು ಲೆಕ್ಕದಲ್ಲಿ ಪಕ್ಷೇತರರು, ಆದರೆ ಒಂದೇ ಗುರುತು, ಒಂದೇ ಮಾತು ಇಟ್ಟುಕೊಂಡು ನಿಂತಿದ್ದರಿಂದ ಜನ ಅವರನ್ನು ತಕ್ಕಡಿ ಪಕ್ಷ ಅಂತಲೇ ಕರೆದರು. ಅದರ ನಾಯಕರು ಪಂದ್ಯಂಡ ಬೆಳ್ಯಪ್ಪನವರು. ಇವರು ಸಾಮಾನ್ಯರಲ್ಲ. ಸ್ವಾತಂತ್ರ್ಯ ಚಳವಳಿಯಲ್ಲಿ ದುಡಿದವರು, ಜನ ಅವರನ್ನು ಕೊಡಗಿನ ಗಾಂಧಿ ಅಂತ ಕರೆಯುತ್ತಿದ್ದರು. ಆದ್ದರಿಂದ ಈ ಚುನಾವಣೆಯನ್ನು ದೇಶಭಕ್ತರಿಗೂ ದೇಶದ್ರೋಹಿಗಳಿಗೂ ನಡೆದ ಜಗಳ ಅಂತ ಯಾರೂ ತಿಳಿಯಬಾರದು. ಎರಡು ಕಡೆಯೂ ಖಾದಿ ಉಟ್ಟವರೇ ಇದ್ದರು.

ಜಗಳ ಇದ್ದದ್ದು ಒಂದೇ ಪ್ರಶ್ನೆಗೆ. ಕೊಡಗು ತನ್ನಷ್ಟಕ್ಕೆ ಪ್ರತ್ಯೇಕವಾಗಿ ಇರಬೇಕೋ, ದೊಡ್ಡ ಕನ್ನಡ ನಾಡಿನೊಳಗೆ ಸೇರಬೇಕೋ? ತಕ್ಕಡಿಯವರು ಪ್ರತ್ಯೇಕ ಇರಲಿ ಅಂದರು. ಅವರ ವಾದದಲ್ಲಿ ತೂಕ ಇತ್ತು. ನಮ್ಮ ಭಾಷೆ ಬೇರೆ, ಉಡುಪು ಬೇರೆ, ಜಮ್ಮಾ ಭೂಮಿಯ ಹಿಡುವಳಿ ಪದ್ಧತಿ ಬೇರೆ, ಕೋವಿ ಇಟ್ಟುಕೊಳ್ಳುವ ಹಕ್ಕು ಬೇರೆ. ದೊಡ್ಡ ರಾಜ್ಯಕ್ಕೆ ಸೇರಿದರೆ ಇಷ್ಟು ಚಿಕ್ಕ ನಾಡಿನ ಮಾತು ಬೆಂಗಳೂರಿನಲ್ಲಿ ಯಾರು ಕೇಳುತ್ತಾರೆ, ನಮ್ಮ ಕಾಫಿ, ಮರದ ಆದಾಯ ಎಲ್ಲಿಗೆ ಹೋಗುತ್ತೋ ಅನ್ನೋ ಭಯ. ಪೂಣಚ್ಚನವರ ಕಡೆಯವರ ವಾದ ಬೇರೆ. ಕೊಡಗಿನಲ್ಲಿ ಕೊಡವರು ಮಾತ್ರ ಇಲ್ಲ, ಗೌಡರು, ಲಿಂಗಾಯತರು, ಮಾಪಿಳ್ಳೆಗಳು, ಎರವರು, ಕುರುಬರು, ತುಳು ಮಾತಾಡುವವರು, ಎಲ್ಲರೂ ಇದ್ದಾರೆ. ಶಾಲೆ, ಕಚೇರಿ, ಸಂತೆ ಎಲ್ಲಾ ಕಡೆ ನಡೆಯುವ ಭಾಷೆ ಕನ್ನಡ. ಕರ್ನಾಟಕ ಪ್ರದೇಶ ಕಾಂಗ್ರೆಸ್ಸಿಗೆ 1920ರಿಂದಲೂ ಕೊಡಗು ಸೇರಿಯೇ ಇತ್ತು. ಸರ್ಕಾರ ಒಂದಾಗುವುದಕ್ಕಿಂತ ಎಷ್ಟೋ ಮೊದಲೇ ಪಕ್ಷ ಒಂದಾಗಿತ್ತು ಅನ್ನಿ.

ಎಣಿಕೆ ಆದಾಗ ಕಾಂಗ್ರೆಸ್ಸಿಗೆ 15, ಪಕ್ಷೇತರರಿಗೆ 9. ದೊಡ್ಡ ಗೆಲುವು ಅಂತ ಕಾಣುತ್ತೆ, ಆದರೆ ಮೂರು ಸ್ಥಾನ ಈ ಕಡೆಯಿಂದ ಆ ಕಡೆಗೆ ಹೋಗಿದ್ದರೆ 12ಕ್ಕೆ 12. ಒಂಬತ್ತೂವರೆ ಸಾವಿರ ಜನರಿಗೆ ಒಂದು ಸ್ಥಾನ ಇರುವ ಕಡೆ ಮೂರು ಸ್ಥಾನ ತಿರುಗಿಸಲಿಕ್ಕೆ ಎಷ್ಟು ಓಟು ಬೇಕು? ಅದೇ ವೇಳೆಗೆ ಲೋಕಸಭೆಗೂ ಕೊಡಗಿಗೆ ಒಂದು ಸ್ಥಾನ ಇತ್ತು, ಅದಕ್ಕೆ ಕಾಂಗ್ರೆಸ್ಸಿನ ಎನ್. ಸೋಮಣ್ಣನವರು ಆಯ್ಕೆಯಾದರು.

1952ರ ಮಾರ್ಚ್ 27ರಂದು ಪೂಣಚ್ಚನವರು ಮುಖ್ಯಮಂತ್ರಿಯಾದರು. ಮಂತ್ರಿಮಂಡಲ ಎಷ್ಟು ದೊಡ್ಡದು ಅಂತೀರಿ? ಇಬ್ಬರೇ. ಪೂಣಚ್ಚನವರು ಒಬ್ಬರು, ಗೃಹ ಖಾತೆ ನೋಡಿಕೊಂಡ ಕುಟ್ಟೂರು ಮಲ್ಲಪ್ಪನವರು ಇನ್ನೊಬ್ಬರು. ಇವತ್ತು ಮೂವತ್ತು ಮೂವತ್ತನಾಲ್ಕು ಮಂತ್ರಿಗಳಿದ್ದರೂ ಖಾತೆ ಸಾಲದು ಅನ್ನೋ ಜಗಳ ನೋಡುತ್ತೇವೆ. ಅಲ್ಲಿ ಇಬ್ಬರು ಕೂತು ಒಂದು ರಾಜ್ಯದ ಎಲ್ಲಾ ಇಲಾಖೆ ನಡೆಸಿದರು.

ಆದರೆ ಅಧಿಕಾರ ಪೂರ್ತಿ ಅವರ ಕೈಯಲ್ಲಿ ಇರಲಿಲ್ಲ ಅನ್ನೋದನ್ನೂ ಹೇಳಬೇಕು. ಸಿ ದರ್ಜೆ ರಾಜ್ಯದಲ್ಲಿ ಚೀಫ್ ಕಮಿಷನರ್ ಹಾಗೇ ಇದ್ದರು, ಅವರನ್ನು ನೇಮಿಸುವುದು ದೆಹಲಿ. ಮಂತ್ರಿಮಂಡಲದ ಸಭೆಗೆ ಅಧ್ಯಕ್ಷತೆ ಅವರದ್ದು. ಮಂತ್ರಿಗಳಿಗೂ ಅವರಿಗೂ ಅಭಿಪ್ರಾಯ ಭೇದ ಬಂದರೆ ವಿಷಯ ರಾಷ್ಟ್ರಪತಿಗಳ ಹತ್ತಿರ ಹೋಗಬೇಕು. ಜನ ಆರಿಸಿ ಕಳಿಸಿದ ಮುಖ್ಯಮಂತ್ರಿ ಒಂದು ಕಡೆ, ದೆಹಲಿ ಕಳಿಸಿದ ಅಧಿಕಾರಿ ಇನ್ನೊಂದು ಕಡೆ. ಆಡಳಿತ ಮಂಡಳಿ ಠರಾವು ಮಾಡಿದ ಮೇಲೂ ಮೇಲಿನವರ ಒಪ್ಪಿಗೆ ಕಾಯುವ ಪಾಡು ಸಹಕಾರಿಗಳಾದ ನಮಗೆ ಹೊಸದಲ್ಲ. ಪ್ರತ್ಯೇಕ ರಾಜ್ಯ ಅಂತ ಹೆಸರಿದ್ದರೂ ಸ್ವಾತಂತ್ರ್ಯ ಅಷ್ಟಕ್ಕಷ್ಟೇ ಇತ್ತು ಅನ್ನೋದು ಆ ಕುರ್ಚಿಯಲ್ಲಿ ಕೂತವರಿಗೇ ಚೆನ್ನಾಗಿ ಗೊತ್ತಿದ್ದಿರಬೇಕು.

ಸಹಕಾರದ ಮಾತು ಬಂದಿದ್ದರಿಂದ ಇದನ್ನೂ ಸೇರಿಸುತ್ತೇನೆ. ಕೊಡಗು ಸಹಕಾರದಲ್ಲಿ ನಮಗಿಂತ ಹಿಂದೆ ಬಿದ್ದ ನಾಡಲ್ಲ. 1936ರಲ್ಲೇ ಅಲ್ಲಿಗೆ ಪ್ರತ್ಯೇಕ ಸಹಕಾರ ಸಂಘಗಳ ಕಾಯಿದೆ ಬಂದಿತ್ತು. ಅದೇ ವರ್ಷ ವಿರಾಜಪೇಟೆಯಲ್ಲಿ ಜೇನು ಮತ್ತು ಮೇಣ ಉತ್ಪಾದಕರ ಸಹಕಾರ ಸಂಘ ಶುರುವಾಯಿತು. ಕೊಡಗಿನ ಜೇನಿಗೆ ಹೆಸರು ತಂದುಕೊಟ್ಟಿದ್ದು ಈ ಸಹಕಾರ. ಕಿತ್ತಳೆ ಬೆಳೆಗಾರರೂ ಸಂಘ ಕಟ್ಟಿಕೊಂಡಿದ್ದರು. ರಾಜ್ಯಗಳು ಒಂದಾದ ಮೇಲೆ ಎಲ್ಲಾ ಕಡೆಗೂ ಒಂದೇ ಕಾಯಿದೆ ಬೇಕಾಗಿ 1959ರ ಸಹಕಾರ ಸಂಘಗಳ ಕಾಯಿದೆ ಬಂತು, ಕೊಡಗಿನ 1936ರ ಕಾಯಿದೆ ಅದರೊಳಗೆ ಮುಗಿಯಿತು. ನಮ್ಮ ಸಂಘ ರಿಜಿಸ್ಟರ್ ಆಗಿರುವುದೂ ಆ 1959ರ ಕಾಯಿದೆ ಪ್ರಕಾರವೇ.

1953ರ ಕೊನೆಗೆ ಕೇಂದ್ರ ಸರ್ಕಾರ ರಾಜ್ಯ ಪುನರ್ವಿಂಗಡಣಾ ಆಯೋಗ ಮಾಡಿತು. ಫಜಲ್ ಅಲಿ, ಕುಂಜ್ರು, ಪಣಿಕ್ಕರ್ ಈ ಮೂವರು ಊರೂರು ಸುತ್ತಿ 1955ರಲ್ಲಿ ವರದಿ ಕೊಟ್ಟರು. ಇಂಥ ಚಿಕ್ಕ ಚಿಕ್ಕ ಸಿ ದರ್ಜೆ ರಾಜ್ಯಗಳು ತಮ್ಮ ಕಾಲ ಮೇಲೆ ನಿಲ್ಲಲಾರವು, ಕೊಡಗು ಕರ್ನಾಟಕಕ್ಕೆ ಸೇರಲಿ ಅನ್ನೋದು ಅವರ ಶಿಫಾರಸು. 1956ರ ಆಗಸ್ಟಿನಲ್ಲಿ ಪಾರ್ಲಿಮೆಂಟು ಕಾಯಿದೆ ಮಾಡಿತು.

ಇಲ್ಲಿ ಪೂಣಚ್ಚನವರ ಜಾಗದಲ್ಲಿ ನಿಂತು ಯೋಚನೆ ಮಾಡಿ. ಮುಖ್ಯಮಂತ್ರಿ ಸ್ಥಾನ ಕೈಯಲ್ಲಿದೆ. ವಿಲೀನ ಬೇಡ ಅಂತ ಗಟ್ಟಿಯಾಗಿ ಕೂಗಿದ್ದರೆ ಎದುರು ಪಕ್ಷದವರೂ ಹಿಂದೆ ಬರುತ್ತಿದ್ದರು. ಆದರೂ ಅವರು 1952ರಲ್ಲಿ ಓಟು ಕೇಳುವಾಗ ಯಾವ ಕಡೆ ಇದ್ದರೋ ಅದೇ ಕಡೆ ನಿಂತರು. ತನ್ನ ಕುರ್ಚಿಯೇ ಇಲ್ಲದ ಹಾಗೆ ಮಾಡುವ ಕೆಲಸಕ್ಕೆ ಕೈಜೋಡಿಸುವವರು ಎಷ್ಟು ಜನ ಸಿಗುತ್ತಾರೆ? ನಮ್ಮ ಮೈಸೂರಿನಲ್ಲೂ ಆಗ ಇದೇ ಗಲಾಟೆ ಇತ್ತು. ಹುಬ್ಬಳ್ಳಿ, ಕಲಬುರಗಿ ಕಡೆಯವರು ಸೇರಿದರೆ ನಮ್ಮ ಕನ್ನಂಬಾಡಿ, ಶಿವನಸಮುದ್ರದ ಆದಾಯ ಹಂಚಿ ಹೋಗುತ್ತದೆ ಅಂತ ಹಳೇ ಮೈಸೂರಿನ ಎಷ್ಟೋ ಮುಖಂಡರು ವಿರೋಧ ಮಾಡಿದರು. ಏಕೀಕರಣದ ಪರವಾಗಿದ್ದ ಕೆಂಗಲ್ ಹನುಮಂತಯ್ಯನವರು ಹೊಸ ರಾಜ್ಯ ಹುಟ್ಟುವ ಎರಡು ತಿಂಗಳು ಮುಂಚೆ ಮುಖ್ಯಮಂತ್ರಿ ಸ್ಥಾನದಿಂದ ಇಳಿದರು, ಕಡಿದಾಳ್ ಮಂಜಪ್ಪನವರು ಬಂದರು. 1956ರ ಅಕ್ಟೋಬರ್ 31ರಂದು ಬೆಂಗಳೂರಿನಲ್ಲಿ ಮಂಜಪ್ಪನವರು, ಮಡಿಕೇರಿಯಲ್ಲಿ ಪೂಣಚ್ಚನವರು, ಇಬ್ಬರ ಅಧಿಕಾರವೂ ಒಂದೇ ದಿನ ಮುಗಿಯಿತು. ನವೆಂಬರ್ 1ಕ್ಕೆ ವಿಶಾಲ ಮೈಸೂರು ರಾಜ್ಯ. ನಮ್ಮ ಜಯಚಾಮರಾಜ ಒಡೆಯರು ರಾಜ್ಯಪಾಲರು, ನಿಜಲಿಂಗಪ್ಪನವರು ಮುಖ್ಯಮಂತ್ರಿ. ಪೂಣಚ್ಚನವರು ಅವರ ಸಂಪುಟದಲ್ಲಿ ಮಂತ್ರಿಯಾದರು. ಕೊಡಗು ರಾಜ್ಯಕ್ಕೆ ಮೊದಲ ಮುಖ್ಯಮಂತ್ರಿಯೂ ಅವರೇ, ಕೊನೆಯ ಮುಖ್ಯಮಂತ್ರಿಯೂ ಅವರೇ.

ಅವರು ಕೊಡಗನ್ನು ಮಾರಿಬಿಟ್ಟರು ಅನ್ನುವವರು ಅಲ್ಲಿ ಇವತ್ತಿಗೂ ಇದ್ದಾರೆ. ಪ್ರತ್ಯೇಕ ಕೊಡಗು ಬೇಕು ಅನ್ನೋ ಕೂಗು ಆಗಾಗ ಏಳುತ್ತಲೇ ಇದೆ. ಅವರ ನೋವನ್ನು ನಾವು ಮೈಸೂರಿನವರು ಹಗುರವಾಗಿ ತಳ್ಳಿ ಹಾಕಬಾರದು. ಎರಡು ಸಹಕಾರ ಸಂಘ ಒಂದಾಗಬೇಕಾದರೆ ಮಹಾಸಭೆ ಕರೆಯಬೇಕು, ಬಂದು ಓಟು ಹಾಕಿದವರಲ್ಲಿ ಮೂರನೇ ಎರಡು ಭಾಗ ಒಪ್ಪಬೇಕು. ಒಂದು ರಾಜ್ಯ ಇನ್ನೊಂದಕ್ಕೆ ಸೇರಲು ಅಷ್ಟೂ ಬೇಕಾಗಿಲ್ಲ, ಪಾರ್ಲಿಮೆಂಟು ಕಾಯಿದೆ ಮಾಡಿದರೆ ಸಾಕು ಅಂತ ಸಂವಿಧಾನದಲ್ಲೇ ಇದೆ. ಕೊಡಗಿನ ಜನರನ್ನು ವಿಲೀನ ಬೇಕೋ ಬೇಡವೋ ಅಂತ ಪ್ರತ್ಯೇಕವಾಗಿ ಯಾರೂ ಓಟಿಗೆ ಹಾಕಲಿಲ್ಲ. 1952ರ ಚುನಾವಣೆಯೇ ಆ ಓಟು ಅಂತ ಒಂದು ಕಡೆಯವರು, ಜೋಡೆತ್ತಿಗೆ ಹಾಕಿದ್ದು ಗಾಂಧಿ ನೆಹರೂ ಮುಖ ನೋಡಿ, ವಿಲೀನಕ್ಕಲ್ಲ ಅಂತ ಇನ್ನೊಂದು ಕಡೆಯವರು ಹೇಳಬಹುದು. ಹಾಗೆ ನೋಡಿದರೂ 24ರಲ್ಲಿ 15 ಮೂರನೇ ಎರಡು ಆಗುವುದಿಲ್ಲ, ಅದಕ್ಕೆ 16 ಬೇಕಿತ್ತು.

ಇನ್ನು ಕಳೆದುಕೊಂಡದ್ದೂ ಸುಳ್ಳಲ್ಲ. 24 ಎಂ.ಎಲ್.ಎ.ಗಳು ಕೂರುತ್ತಿದ್ದ ನಾಡಿಗೆ ಇವತ್ತು ವಿಧಾನಸಭೆಯಲ್ಲಿ ಇಬ್ಬರೇ, ಮಡಿಕೇರಿ ಮತ್ತು ವಿರಾಜಪೇಟೆಯಿಂದ. ಲೋಕಸಭೆಗೆ ಇದ್ದ ಸ್ವಂತ ಸ್ಥಾನವೂ ಹೋಯಿತು, ಬಹಳ ಕಾಲ ಮಂಗಳೂರಿನ ಜೊತೆ ಇತ್ತು, 2009ರ ಚುನಾವಣೆಯಿಂದ ನಮ್ಮ ಮೈಸೂರಿನ ಜೊತೆ ಸೇರಿದೆ. ಇಷ್ಟೆಲ್ಲಾ ಇದ್ದರೂ ನನ್ನ ಅಭಿಪ್ರಾಯ ಕೇಳಿದರೆ, ಪೂಣಚ್ಚನವರು ಮಾಡಿದ್ದು ಸರಿ ಅಂತಲೇ ಹೇಳುತ್ತೇನೆ. ಎರಡು ಲಕ್ಷ ಜನದ ರಾಜ್ಯ ದೆಹಲಿಯ ಅಧಿಕಾರಿಯ ಕೈಕೆಳಗೆ ಎಷ್ಟು ದಿನ ಇರಬಹುದಿತ್ತು? ತಲಕಾವೇರಿಯಲ್ಲಿ ಹುಟ್ಟಿದ ನೀರು ನಮ್ಮ ಕನ್ನಂಬಾಡಿಗೆ ಬರಬೇಕು. ನದಿ ಹುಟ್ಟುವ ಜಾಗ, ಕಟ್ಟೆ ಇರುವ ಜಾಗ ಬೇರೆ ಬೇರೆ ರಾಜ್ಯ ಆಗಿದ್ದರೆ ಕಾವೇರಿ ವ್ಯಾಜ್ಯಕ್ಕೆ ಇನ್ನೊಬ್ಬ ಪಾಲುದಾರ ಇರುತ್ತಿದ್ದ. ಇದು ನಾಲೆ ನೀರು ಕುಡಿದು ಬೆಳೆದ ರೈತನ ಸ್ವಾರ್ಥದ ಮಾತು ಅಂತ ಕೊಡಗಿನವರು ಅಂದರೆ, ಇರಬಹುದು, ನಾನು ಜಗಳಕ್ಕೆ ಹೋಗುವುದಿಲ್ಲ.

ಮುಂದಿನ ಬದುಕನ್ನು ಬೇಗ ಹೇಳಿ ಮುಗಿಸುತ್ತೇನೆ. 1959ರಿಂದ ಕೆಲವು ವರ್ಷ ಅವರು ಕೇಂದ್ರದ ಸ್ಟೇಟ್ ಟ್ರೇಡಿಂಗ್ ಕಾರ್ಪೊರೇಷನ್ ಅಧ್ಯಕ್ಷರಾಗಿದ್ದರು. ಆಮೇಲೆ ರಾಜ್ಯಸಭೆ, ಕೇಂದ್ರದಲ್ಲಿ ಮಂತ್ರಿಗಿರಿ. 1967ರಲ್ಲಿ ಮಂಗಳೂರು ಕ್ಷೇತ್ರದಿಂದ ಲೋಕಸಭೆಗೆ ಗೆದ್ದು ಇಂದಿರಾ ಗಾಂಧಿಯವರ ಸಂಪುಟದಲ್ಲಿ ರೈಲ್ವೆ ಮಂತ್ರಿಯಾದರು, 1969ರವರೆಗೆ ಆ ಖಾತೆ ನೋಡಿಕೊಂಡರು, ನಂತರ ಉಕ್ಕು ಖಾತೆ. ಇದರಲ್ಲಿ ಒಂದು ವಿಚಿತ್ರ ಇದೆ. ಇಡೀ ದೇಶದ ರೈಲು ನೋಡಿಕೊಂಡ ಈ ಮನುಷ್ಯನ ಜಿಲ್ಲೆಯಲ್ಲಿ ಒಂದು ಅಡಿ ರೈಲು ಕಂಬಿ ಇರಲಿಲ್ಲ, ಇವತ್ತಿಗೂ ಇಲ್ಲ. ಕೊಡಗಿನವರು ರೈಲು ಹತ್ತಬೇಕಾದರೆ ಮೈಸೂರಿಗೋ ಇನ್ನೊಂದು ಊರಿಗೋ ಬರಬೇಕು. ಗುಡ್ಡ, ಕಾಡು, ಆನೆ ದಾರಿ ಇರುವ ನಾಡಿಗೆ ರೈಲು ಬೇಡವೇ ಬೇಡ ಅನ್ನುವವರೂ ಅಲ್ಲಿ ಬೇಕಾದಷ್ಟು ಜನ ಇದ್ದಾರೆ. ಮಂತ್ರಿಯಾದ ಕೂಡಲೇ ತನ್ನ ಊರಿಗೆ ಮೊದಲು ಎಳೆದುಕೊಳ್ಳುವ ಈಗಿನ ಕಾಲದವರಿಗೆ ಹೋಲಿಸಿದರೆ ಇದನ್ನು ಗುಣ ಅನ್ನಬೇಕೋ ಕೊರತೆ ಅನ್ನಬೇಕೋ ಓದುವವರೇ ತೀರ್ಮಾನ ಮಾಡಿಕೊಳ್ಳಲಿ.

1978ರಲ್ಲಿ ಅವರನ್ನು ಮಧ್ಯಪ್ರದೇಶದ ರಾಜ್ಯಪಾಲರಾಗಿ ನೇಮಿಸಿದರು. ಅದೇ ಮಧ್ಯಪ್ರದೇಶದೊಳಗೆ 1956ರಲ್ಲಿ ಕೊಡಗಿನ ಹಾಗೇ ಹೋಗಿ ಸೇರಿದ್ದವು ಭೋಪಾಲ್ ಮತ್ತು ವಿಂಧ್ಯ ಪ್ರದೇಶ ಅನ್ನೋ ಸಿ ದರ್ಜೆ ರಾಜ್ಯಗಳು. 1980ರಿಂದ 1983ರವರೆಗೆ ಒರಿಸ್ಸಾದ, ಅಂದರೆ ಈಗಿನ ಒಡಿಶಾದ ರಾಜ್ಯಪಾಲರು. ಅಲ್ಲಿಗೆ ಅವರ ಸರ್ಕಾರಿ ಹುದ್ದೆಗಳು ಮುಗಿದವು. ಜೈಲು, ಸಂವಿಧಾನ ಸಭೆ, ಒಂದೇ ಜಿಲ್ಲೆಯ ರಾಜ್ಯ, ರೈಲ್ವೆ, ರಾಜಭವನ ಎಲ್ಲಾ ನೋಡಿದ ಪೂಣಚ್ಚನವರು 1990ರಲ್ಲಿ ತೀರಿಕೊಂಡರು. ಅವರ ಜೊತೆ 1952ರಲ್ಲಿ ಆ 24 ಸ್ಥಾನಕ್ಕೆ ಆರಿಸಿ ಬಂದವರ ಹೆಸರುಗಳನ್ನು ಇವತ್ತು ಮಡಿಕೇರಿಯಲ್ಲೇ ಕೇಳಿದರೂ ಪೂರ್ತಿ ಹೇಳುವವರು ಸಿಗುವುದು ಕಷ್ಟ.